ಒಂದು ಕೊರಳು, ಒಂದು ಗಿಟಾರ್: ಟ್ರೇಸಿ ಚಾಪ್‌ಮನ್‌ರ ಮೊದಲ ಧ್ವನಿಮುದ್ರಿಕೆ

ರಾಕ್ ಸಂಗೀತವೆಂದರೆ ಕಿವಿಗಡಚಿಕ್ಕುವ ಅಬ್ಬರವೆಂಬ ಭಾವನೆ ನಮ್ಮ ಅನೇಕ ಮನೆಗಳ ಹಿರಿಯರಲ್ಲಿದೆ. ಅದಕ್ಕೆ ಕಾರಣಗಳೂ ಇಲ್ಲದಿಲ್ಲ. ಆದರೆ ನಾದದ ಮಾರ್ಗ ಯಾವುದೇ ಇರಲಿ, ಹಾಡಿನ ಬೆಲೆ ನಿಲ್ಲುವುದು ಅದರೊಳಗಿನ ಮಾತಿನ ಸತ್ಯದ ಮೇಲೆ. ಇದಕ್ಕೆ ನಿದರ್ಶನವಾಗಿ 1988ರ ಏಪ್ರಿಲ್ ತಿಂಗಳಲ್ಲಿ ಅಮೆರಿಕದಲ್ಲಿ ಹೊರಬಂದ ಧ್ವನಿಮುದ್ರಿಕೆಯೊಂದನ್ನು ಓದುಗ ಬಂಧುಗಳ ಮುಂದಿಡಬಯಸುತ್ತೇವೆ. ಅದರ 11 ಹಾಡುಗಳನ್ನು ರಚಿಸಿದವರು, ಹಾಡಿದವರು, ಜೊತೆಗೆ ಗಿಟಾರ್ ನುಡಿಸಿದವರು 24 ವರ್ಷದ ಟ್ರೇಸಿ ಚಾಪ್‌ಮನ್. ಮುದ್ರಿಕೆಯ ಹೆಸರೂ ಅದೇ.

ಟ್ರೇಸಿ 1964ರಲ್ಲಿ ಓಹಾಯೋ ರಾಜ್ಯದ ಕ್ಲೀವ್‌ಲೆಂಡ್ ನಗರದ ಕಪ್ಪುಜನರ ಬಡ ಕುಟುಂಬವೊಂದರಲ್ಲಿ ಜನಿಸಿದರು. ತಂದೆತಾಯಿ ಬೇರ್ಪಟ್ಟಾಗ ಆಕೆಗೆ ನಾಲ್ಕು ವರ್ಷ; ಸಲಹಿದವರು ತಾಯಿ. ಬಡತನದ ನಡುವೆಯೂ ಮಗಳ ಕೈಗೆ ವಾದ್ಯ ಕೊಟ್ಟವರು ಆ ತಾಯಿಯೇ. ಎಂಟರ ಪ್ರಾಯದಲ್ಲಿಯೇ ಆ ಬಾಲಕಿ ಗಿಟಾರ್ ನುಡಿಸುತ್ತ ಹಾಡು ಕಟ್ಟತೊಡಗಿದಳು. ಮುಂದೆ ವಿದ್ಯಾರ್ಥಿವೇತನದ ನೆರವಿನಿಂದ ಕನೆಕ್ಟಿಕಟ್ ರಾಜ್ಯದ ಶಾಲೆಯೊಂದರಲ್ಲಿ ಓದಿ, ಬಾಸ್ಟನ್ ಬಳಿಯ ಟಫ್ಟ್ಸ್ ವಿಶ್ವವಿದ್ಯಾಲಯದಲ್ಲಿ ಮಾನವಶಾಸ್ತ್ರದ ಪದವಿ ಪಡೆದರು. ಓದುವ ದಿನಗಳಲ್ಲಿ ಹಾರ್ವರ್ಡ್ ಚೌಕದ ಬೀದಿಬದಿಯಲ್ಲಿ ನಿಂತು ಹಾಡುತ್ತಿದ್ದರು. ಸಹಪಾಠಿಯೊಬ್ಬನ ಮೂಲಕ ಆ ಹಾಡುಗಳು ಸಂಗೀತೋದ್ಯಮಿಯಾಗಿದ್ದ ಅವನ ತಂದೆಯ ಕಿವಿಗೆ ಬಿದ್ದವು. ಅನಂತರ ಎಲೆಕ್ಟ್ರಾ ಸಂಸ್ಥೆಯೊಡನೆ ಒಪ್ಪಂದವಾಯಿತು.

ಅದು ವಿದ್ಯುನ್ಮಾನ ವಾದ್ಯಗಳ ಮೆರವಣಿಗೆಯ ಕಾಲ. ನಿರ್ಮಾಪಕ ಡೇವಿಡ್ ಕರ್ಷೆನ್‌ಬಾಮ್ ಆ ಹಾದಿ ಹಿಡಿಯಲಿಲ್ಲ. ಆಕೆಯ ಕೊರಳನ್ನೂ ಗಿಟಾರನ್ನೂ ಮುಂದಿರಿಸಿ ಉಳಿದ ವಾದ್ಯಗಳನ್ನು ಹಿಂದೆ ನಿಲ್ಲಿಸಿದರು. ಹೀಗಾಗಿ ಪ್ರತಿಯೊಂದು ಮಾತೂ ಕೇಳುಗನಿಗೆ ಸ್ಪಷ್ಟವಾಗಿ ಮುಟ್ಟುತ್ತದೆ.

ಆ ಮಾತುಗಳಾದರೂ ಎಂಥವು! 'ಫಾಸ್ಟ್ ಕಾರ್' ಎಂಬ ಹಾಡಿನ ನಾಯಕಿ ಕುಡುಕ ತಂದೆಯ ಮಗಳು. ತಾಯಿ ಮನೆ ಬಿಟ್ಟು ಹೋದ ಮೇಲೆ ತಂದೆಯನ್ನು ನೋಡಿಕೊಳ್ಳಲು ಶಾಲೆ ತೊರೆಯುತ್ತಾಳೆ. ಪ್ರಿಯಕರನ ಕಾರಿನಲ್ಲಿ ಊರು ಬಿಟ್ಟು, ಅಂಗಡಿಯಲ್ಲಿ ಹಣ ಎಣಿಸುವ ಕೆಲಸ ಮಾಡಿ ಬಾಳು ಕಟ್ಟಲೆತ್ನಿಸುತ್ತಾಳೆ. ಕಡೆಗೆ ಆತನೂ ಹೆಂಡದಂಗಡಿಯಲ್ಲೇ ಹೊತ್ತು ಕಳೆಯುವವನಾಗುತ್ತಾನೆ. ತಂದೆಯ ಮನೆಯಲ್ಲಿ ಬಿಟ್ಟು ಬಂದ ದುಃಖ ಗಂಡನ ಮನೆಯಲ್ಲಿ ಎದುರಾಗುತ್ತದೆ. ಮದ್ಯಪಾನದ ಕೇಡನ್ನು ಕುರಿತ ಎಷ್ಟೋ ಭಾಷಣಗಳು ಮಾಡಲಾರದುದನ್ನು ಈ ಹಾಡು ಯಾರನ್ನೂ ಬೈಯದೆ ಮಾಡುತ್ತದೆ.

'ಬಿಹೈಂಡ್ ದಿ ವಾಲ್' ಎಂಬ ಹಾಡಿಗೆ ಯಾವ ವಾದ್ಯವೂ ಇಲ್ಲ, ಕೊರಳೊಂದೇ. ರಾತ್ರಿ ಗೋಡೆಯಾಚೆ ಹೆಣ್ಣೊಬ್ಬಳ ಚೀತ್ಕಾರ ಕೇಳುತ್ತದೆ. ಪೊಲೀಸರು ಬರುವುದು ತಡವಾಗಿ. ಬಂದರೂ ಗಂಡಹೆಂಡಿರ ವಿಷಯದಲ್ಲಿ ತಲೆಹಾಕಲಾಗದೆಂದು ಹೇಳುತ್ತಾರೆ. ಆಮೇಲೆ ಎದೆ ನಡುಗಿಸುವ ಮೌನ. ವಾದ್ಯಗಳಿಲ್ಲದ ಆ ಹಾಡಿನಲ್ಲಿ ಕೇಳುಗನೇ ಗೋಡೆಗೆ ಕಿವಿಗೊಟ್ಟ ನೆರೆಯವನಾಗಿಬಿಡುತ್ತಾನೆ.

1988ರ ಜೂನ್ 11ರಂದು ಲಂಡನ್ನಿನ ವೆಂಬ್ಲಿ ಕ್ರೀಡಾಂಗಣದಲ್ಲಿ, ದಕ್ಷಿಣ ಆಫ್ರಿಕದ ಸೆರೆಯಲ್ಲಿದ್ದ ನೆಲ್ಸನ್ ಮಂಡೇಲಾ ಅವರ 70ನೆಯ ಜನ್ಮದಿನದ ನಿಮಿತ್ತ ಮಹಾಮೇಳವೊಂದು ನಡೆಯಿತು. 60ಕ್ಕೂ ಹೆಚ್ಚು ದೇಶಗಳಿಗೆ ಅದು ಪ್ರಸಾರವಾಯಿತು. ಟ್ರೇಸಿ ಅಂದು ತಮ್ಮ ಸರದಿಯನ್ನು ಆಗಲೇ ಮುಗಿಸಿದ್ದರು. ಸಂಜೆ ಸುಪ್ರಸಿದ್ಧ ಗಾಯಕ ಸ್ಟೀವಿ ವಂಡರ್ ಹಾಡಬೇಕಾಗಿದ್ದಾಗ, ಅವರ ವಾದ್ಯಕ್ಕೆ ಬೇಕಾದ ಗಣಕದ ಡಿಸ್ಕ್ ಕಾಣೆಯಾಗಿರುವುದು ತಿಳಿಯಿತು. ಆ ಬರಿದಾದ ಹೊತ್ತನ್ನು ತುಂಬಲು ಟ್ರೇಸಿ ಒಂದು ಗಿಟಾರ್ ಹಿಡಿದು ಮತ್ತೆ ವೇದಿಕೆಗೆ ಬಂದರು. ಯಂತ್ರ ಕೈಕೊಟ್ಟ ವೇಳೆಗೆ ಸರಳತೆ ಕೈಹಿಡಿಯಿತು. ಆಗಸ್ಟ್ ಮುಗಿಯುವ ಮುನ್ನ ಆ ಮುದ್ರಿಕೆ ಅಮೆರಿಕದ ಮಾರಾಟಪಟ್ಟಿಯ ಅಗ್ರಸ್ಥಾನಕ್ಕೇರಿತ್ತು. 1989ರಲ್ಲಿ ಟ್ರೇಸಿಯವರಿಗೆ ಮೂರು ಗ್ರ್ಯಾಮಿ ಪ್ರಶಸ್ತಿಗಳು ಸಂದವು.

ನಮ್ಮ ದೇಶಕ್ಕೂ ಆ ಕೊರಳು ಬಂದಿತ್ತು. ಮಾನವ ಹಕ್ಕುಗಳ ವಿಶ್ವ ಘೋಷಣೆಯ 40ನೆಯ ವರ್ಷದ ನಿಮಿತ್ತ ಆಮ್ನೆಸ್ಟಿ ಸಂಸ್ಥೆ ನಡೆಸಿದ ಸಂಗೀತಯಾತ್ರೆಯಲ್ಲಿ, 1988ರ ಸೆಪ್ಟೆಂಬರ್ 30ರಂದು ದೆಹಲಿಯ ಜವಾಹರಲಾಲ್ ನೆಹರೂ ಕ್ರೀಡಾಂಗಣದಲ್ಲಿ ಇತರ ಕಲಾವಿದರೊಡನೆ ಟ್ರೇಸಿಯವರೂ ಹಾಡಿದರು.

ಸತ್ಯವಾದ ಮಾತಿಗೆ ಮುಪ್ಪಿಲ್ಲ. 2023ರಲ್ಲಿ ಲ್ಯೂಕ್ ಕೂಂಬ್ಸ್ ಎಂಬ ಬಿಳಿಯ ಯುವಗಾಯಕ 'ಫಾಸ್ಟ್ ಕಾರ್' ಹಾಡನ್ನು ಮತ್ತೆ ಹಾಡಿದರು. ತಾವು ಗಂಡಸಾದರೂ ಹಾಡಿನೊಳಗಿನ ಹೆಣ್ಣಿನ ಮಾತನ್ನು ಹಾಗೆಯೇ ಉಳಿಸಿಕೊಂಡರು. ಆ ವರ್ಷ ಅಮೆರಿಕದ ಕಂಟ್ರಿ ಸಂಗೀತ ಸಂಘದ ವರ್ಷದ ಗೀತೆ ಪ್ರಶಸ್ತಿ ಟ್ರೇಸಿಯವರಿಗೆ ಸಂದಿತು. ಆ ಗೌರವ ಪಡೆದ ಮೊದಲ ಕಪ್ಪು ಗೀತರಚನಕಾರರು ಅವರು. 2024ರ ಫೆಬ್ರವರಿಯಲ್ಲಿ ಗ್ರ್ಯಾಮಿ ವೇದಿಕೆಯ ಮೇಲೆ ಇಬ್ಬರೂ ಕೂಡಿ ಹಾಡಿದರು.

ಮನೆಯಲ್ಲಿ ಮಕ್ಕಳು ಗಿಟಾರ್ ಬೇಡಿದರೆ ಹಿರಿಯರು ಹುಬ್ಬು ಗಂಟಿಕ್ಕುವ ಬದಲು, ಆ ವಾದ್ಯದೊಡನೆ ನೀನು ಹೇಳಬಯಸುವ ಮಾತು ಯಾವುದೆಂದು ಕೇಳುವುದು ಲೇಸು. ಹಿರಿಯರಾದ ನಾವು ಕೇಳಿಕೊಳ್ಳಬೇಕಾದ ಪ್ರಶ್ನೆಯೂ ಒಂದಿದೆ. ಮಗ್ಗುಲ ಮನೆಯಲ್ಲಿ ಹೆಣ್ಣುಮಗಳೊಬ್ಬಳು ಅತ್ತಾಗ ಅದು ಅವರ ಮನೆಯ ವಿಷಯವೆಂದು ದೀಪವಾರಿಸಿ ಮಲಗುವವರು ನಾವಾಗಬೇಕೆ? ಆ ಬಾಗಿಲು ತಟ್ಟಲು ಬೆಳಗಿನವರೆಗೆ ಕಾಯಬಾರದು.