ಹಿಮದ ನಾಯಿಬಂಡಿ, ಕಂಬಳದ ಹಲಗೆ ಮತ್ತು ಹನ್ನೆರಡು ತಿಂಗಳ ಲೆಕ್ಕ

ಆರ್ಕ್ಟಿಕ್ ವೃತ್ತದ ಆಸುಪಾಸಿನ ದೇಶಗಳಿಗೆ ಚಳಿಗಾಲದಲ್ಲಿ ತೆರಳುವ ಪ್ರವಾಸಿಗರು ಅಲ್ಲಿ ಹಣ ತೆತ್ತು ಪಡೆಯುವ ಸೇವೆಗಳ ಪೈಕಿ ಒಂದು ವಿಶಿಷ್ಟವಾದುದು. ಹಸ್ಕಿ ನಾಯಿಗಳು ಎಳೆಯುವ ಜಾರುಬಂಡಿಯನ್ನು ಬಾಡಿಗೆಗೆ ಪಡೆದು, ಸಾರಥಿಯ ಜಾಗದಲ್ಲಿ ತಾವೇ ನಿಂತು, ಹೆಪ್ಪುಗಟ್ಟಿದ ಸರೋವರಗಳ ಮೇಲೂ ಕಾಡುಗಳ ನಡುವೆಯೂ ಅವರು ಸಾಗುತ್ತಾರೆ. ಕೂತು ಸವಾರಿ ಮಾಡುವ ಸುಖಕ್ಕಲ್ಲ, ನಿಂತು ಬಂಡಿ ನಡೆಸುವ ಶ್ರಮಕ್ಕೆ ಗ್ರಾಹಕನು ಬೆಲೆ ಕೊಡುತ್ತಾನೆ. ಫಿನ್ಲೆಂಡಿನ ರೊವಾನಿಯೆಮಿ, ಸ್ವೀಡನ್ನಿನ ಕಿರುನಾ, ನಾರ್ವೆಯ ಟ್ರೊಮ್ಸೊ ಮತ್ತು ಆಲ್ಟಾ ಪಟ್ಟಣಗಳ ಚಳಿಗಾಲದ ವಹಿವಾಟಿನಲ್ಲಿ ಇದಕ್ಕೆ ಸ್ಥಿರವಾದ ಸ್ಥಾನವಿದೆ.

ಉಡುಪಿ ಜಿಲ್ಲೆಯ ಉತ್ತರದ ತುದಿಯಲ್ಲಿರುವ ಶಿರೂರಿನ ವ್ಯಾಪಾರಸ್ಥರಿಗೆ ಈ ಹಿಮದ ಕಸುಬಿನಿಂದ ಆಗಬೇಕಾದುದೇನು ಎಂಬ ಪ್ರಶ್ನೆ ಸಹಜ. ಶಿರೂರಿನಿಂದ ಗಂಗೊಳ್ಳಿ, ಮಲ್ಪೆಯವರೆಗಿನ ಕರಾವಳಿಯಲ್ಲಿ ಪ್ರತಿ ವರ್ಷ ಜೂನ್ 1ರಿಂದ ಜುಲೈ 31ರವರೆಗೆ 61 ದಿನ ಯಾಂತ್ರಿಕ ಮೀನುಗಾರಿಕೆಗೆ ನಿಷೇಧವಿರುತ್ತದೆ. ದೋಣಿ ದಡ ಸೇರಿದೊಡನೆ ಐಸ್ ಪ್ಲಾಂಟಿನ ಯಂತ್ರ, ಮೀನು ಸಾಗಿಸುವ ಲಾರಿ, ಬಲೆ ಹಾಗೂ ಹಗ್ಗದ ಅಂಗಡಿ, ಹೆದ್ದಾರಿ ಬದಿಯ ಹೋಟೆಲು ಎಲ್ಲದರ ವೇಗವೂ ಕುಗ್ಗುತ್ತದೆ. ಕಡಲತೀರದ ಪ್ರವಾಸೋದ್ಯಮಕ್ಕೂ ಮಳೆಗಾಲವೇ ಅಡ್ಡಿ. ಆದಾಯ ಕೆಲವೇ ತಿಂಗಳು, ಖರ್ಚು ಹನ್ನೆರಡು ತಿಂಗಳು ಎಂಬ ಈ ಸಮಸ್ಯೆಯನ್ನು ನಾಯಿಬಂಡಿಯ ಕಸುಬಿನಷ್ಟು ಸ್ಪಷ್ಟವಾಗಿ ತೋರಿಸುವ ಉದ್ಯಮ ಬೇರೊಂದು ಸಿಗುವುದು ಕಷ್ಟ.

ಗ್ರಾಹಕನ ಕೈಗೆ ಬಂಡಿ

ಈ ಬಂಡಿಯ ರಚನೆ ಬಹಳ ಸರಳ. ಕೆಳಗೆ ಎರಡು ಉದ್ದನೆಯ ಜಾರುಪಟ್ಟಿಗಳು. ಅವುಗಳ ಹಿಂಬದಿಯ ಮೇಲೆ ಚಾಲಕ ನಿಲ್ಲುತ್ತಾನೆ. ಕೈಗೆ ಒಂದು ಹಿಡಿಕೆ, ಕಾಲಿಗೆ ಒಂದು ಬ್ರೇಕು. ಬ್ರೇಕನ್ನು ತುಳಿದರೆ ಲೋಹದ ಉಗುರುಗಳು ಹಿಮಕ್ಕೆ ಕಚ್ಚಿಕೊಳ್ಳುತ್ತವೆ. ನಿಲ್ಲಿಸಿದಾಗ ಬಂಡಿ ಓಡಿಹೋಗದಂತೆ ಹಿಮದಲ್ಲಿ ಊರಲು ದೋಣಿಯ ಲಂಗರಿನಂಥ ಒಂದು ಕೊಕ್ಕೆ ಇರುತ್ತದೆ. ಕುದುರೆಗಾಡಿಗೆ ಇರುವಂತೆ ಲಗಾಮು ಮಾತ್ರ ಇಲ್ಲ. ಬಲಕ್ಕೆ 'ಜೀ', ಎಡಕ್ಕೆ 'ಹಾ' ಎಂಬ ಕೂಗಿಗೆ ಮುಂಚೂಣಿಯ ನಾಯಿಗಳು ತಿರುಗುತ್ತವೆ. ಪ್ರವಾಸಿಗರ ಬಂಡಿಗಳ ಮುಂದೆ ಮಾರ್ಗದರ್ಶಕನ ಬಂಡಿ ಇರುವುದರಿಂದ, ಹಿಂದಿನವು ಸಾಮಾನ್ಯವಾಗಿ ಅದರ ಜಾಡನ್ನೇ ಹಿಡಿಯುತ್ತವೆ.

ಅಲ್ಪಾವಧಿಯ ಸವಾರಿಯಲ್ಲಿ ಇಬ್ಬರಿಗೆ ಒಂದು ಬಂಡಿ. ಒಬ್ಬ ಕೂರುತ್ತಾನೆ, ಇನ್ನೊಬ್ಬ ನಡೆಸುತ್ತಾನೆ, ಅರ್ಧ ದಾರಿಯಲ್ಲಿ ಅದಲುಬದಲು. ಹಲವು ದಿನಗಳ ಪ್ರವಾಸದಲ್ಲಿ ಪ್ರತಿಯೊಬ್ಬರಿಗೂ ಸ್ವಂತ ಬಂಡಿ, ಅದಕ್ಕೆ ಸಾಮಾನ್ಯವಾಗಿ ನಾಲ್ಕರಿಂದ ಆರು ನಾಯಿಗಳು. ಹೊರಡುವ ಮುನ್ನ ಕೊಡುವ ಸೂಚನೆಗಳಲ್ಲಿ ಮೊದಲನೆಯದು, ಏನೇ ಆದರೂ ಹಿಡಿಕೆಯನ್ನು ಬಿಡಬಾರದು ಎಂಬುದು. ಕೈಬಿಟ್ಟರೆ ನಾಯಿಗಳು ಚಾಲಕನಿಗಾಗಿ ಕಾಯದೆ ಬಂಡಿಯೊಡನೆ ಮುಂದೆ ಓಡುತ್ತವೆ. ಏರು ಬಂದಾಗ ಚಾಲಕನು ಒಂದು ಕಾಲಿನಿಂದ ಹಿಮವನ್ನು ಒದ್ದು ನೂಕಬೇಕು. ತಿರುವಿನಲ್ಲಿ ದೇಹದ ಭಾರವನ್ನು ಒಂದು ಬದಿಗೆ ವಾಲಿಸಬೇಕು. ಓಡಿಸುವ ಕೆಲಸ ನಾಯಿಗಳದು, ತಡೆಯುವ ಕೆಲಸ ಚಾಲಕನದು. ಅನನುಭವಿಗೂ ಬಂಡಿಯನ್ನು ಒಪ್ಪಿಸಲು ಸಾಧ್ಯವಾಗುವುದು ನಾಯಿಗಳಿಗೆ ಕೊಟ್ಟಿರುವ ತರಬೇತಿಯಿಂದ. ಗ್ರಾಹಕನು ಕಾಣುವುದು ಕೆಲವು ಗಂಟೆಗಳ ಓಟವನ್ನು. ಅದರ ಹಿಂದಿರುವ ವರ್ಷಗಳ ಸಾಕಣೆ ಅವನ ಕಣ್ಣಿಗೆ ಬೀಳುವುದಿಲ್ಲ.

ಕೆಲಸ ಕಳೆದುಕೊಂಡ ಪ್ರಾಣಿಗೆ ಹೊಸ ಕೆಲಸ

ಒಂದು ಕಾಲದಲ್ಲಿ ಹಿಮಪ್ರದೇಶದ ಅಂಚೆ, ಔಷಧ, ದಿನಸಿ ಎಲ್ಲವೂ ನಾಯಿಬಂಡಿಯಲ್ಲೇ ಸಾಗುತ್ತಿದ್ದವು. 1925ರ ಚಳಿಗಾಲದಲ್ಲಿ ಅಲಾಸ್ಕದ ನೋಮ್ ಪಟ್ಟಣದಲ್ಲಿ ಗಂಟಲಮಾರಿ ರೋಗ ಹರಡಿದಾಗ, ಸುಮಾರು 20 ಚಾಲಕರು ಮತ್ತು 150ರಷ್ಟು ನಾಯಿಗಳು ಸರದಿಯ ಮೇಲೆ ಓಡಿ, ಸುಮಾರು 1,085 ಕಿಲೋಮೀಟರ್ ದೂರಕ್ಕೆ ಐದೂವರೆ ದಿನಗಳಲ್ಲಿ ಔಷಧ ತಲುಪಿಸಿದ್ದು ಪ್ರಸಿದ್ಧ ಘಟನೆ. 1960ರ ದಶಕದಲ್ಲಿ ಹಿಮದ ಮೇಲೆ ಓಡುವ ಮೋಟಾರು ವಾಹನಗಳು ಹಳ್ಳಿಹಳ್ಳಿಗೂ ಬಂದವು. ನಾಯಿಗಳಿಗೆ ಕೆಲಸ ಇಲ್ಲದಾಯಿತು. ಅಳಿಯುತ್ತಿದ್ದ ಈ ಪರಂಪರೆಯನ್ನು ಉಳಿಸುವುದು 1973ರಲ್ಲಿ ಅಲಾಸ್ಕದಲ್ಲಿ ಆರಂಭವಾದ ಇಡಿಟರಾಡ್ ಓಟದ ಉದ್ದೇಶಗಳಲ್ಲೊಂದು. ನಾರ್ವೆಯ ಆಲ್ಟಾದಲ್ಲಿ 1981ರಿಂದ ಫಿನ್‌ಮಾರ್ಕ್ಸ್‌ಲೋಪೆಟ್ ಓಟ ನಡೆಯುತ್ತಿದೆ. ಇಂದು ಈ ಪ್ರಾಣಿಗೆ ಅನ್ನ ಕೊಡುತ್ತಿರುವುದು ಸ್ಪರ್ಧೆ ಮತ್ತು ಪ್ರವಾಸೋದ್ಯಮ.

ಕುಂದಾಪುರ ಸೀಮೆಯ ಓದುಗರಿಗೆ ಈ ಕಥೆ ಹೊಸತಲ್ಲ. ಗದ್ದೆಗೆ ಟಿಲ್ಲರ್ ಇಳಿದ ಮೇಲೆ ಉಳುಮೆಯ ಕೋಣಕ್ಕೂ ಇದೇ ಗತಿ ಬಂತು. ಅದನ್ನು ಹಟ್ಟಿಯಲ್ಲಿ ಉಳಿಸಿದ್ದು ಕಂಬಳ. ವಂಡಾರು, ಬೈಂದೂರು ಬಳಿಯ ತಗ್ಗರ್ಸೆ ಮೊದಲಾದ ಕಡೆಗಳಲ್ಲಿ ಅದು ಮನೆತನ ಹಾಗೂ ದೈವದ ಕಟ್ಟಳೆಯೊಡನೆ ಬೆಸೆದುಕೊಂಡಿದೆ. ಜೋಡುಕರೆ ಕಂಬಳಗಳ ಅಡ್ಡ ಹಲಗೆ ವಿಭಾಗವನ್ನು ನೋಡಿದವರಿಗೆ ನಾಯಿಬಂಡಿ ತೀರ ಅಪರಿಚಿತವೆನಿಸದು. ಅಲ್ಲಿ ಓಟಗಾರನು ಕೋಣಗಳು ಎಳೆಯುವ ಹಲಗೆಯ ಮೇಲೆ ನಿಂತು ಕೆಸರು ನೀರಿನ ಮೇಲೆ ಜಾರುತ್ತಾನೆ. ಹಿಮದ ಬದಲು ಕೆಸರು, ನಾಯಿಯ ಬದಲು ಕೋಣ. ಆದರೆ ಪ್ರವಾಸಿಗನನ್ನು ಆ ಹಲಗೆಯ ಮೇಲೆ ನಿಲ್ಲಿಸುವಂತಿಲ್ಲ. ಅದು ನುರಿತ ಓಟಗಾರನ ಕೆಲಸ.

ಕೋಣ ಸಾಕುವ ಮನೆಯವರ ಲೆಕ್ಕವೂ ನಾಯಿ ಸಾಕುವವರ ಲೆಕ್ಕದಂತೆಯೇ. ಕಂಬಳದ ಹಂಗಾಮು ಸುಮಾರಾಗಿ ನವೆಂಬರಿನಿಂದ ಮಾರ್ಚ್‌ವರೆಗೆ; ಹುರುಳಿ, ಹುಲ್ಲು, ಎಣ್ಣೆ, ಆಳಿನ ಸಂಬಳ ವರ್ಷವಿಡೀ. ಗೆದ್ದವರಿಗೆ ಸಿಗುವ ಒಂದೆರಡು ಪವನು ಚಿನ್ನ ಆ ಖರ್ಚಿಗೆ ಎಲ್ಲಿಯೂ ಸಾಟಿಯಾಗದು. ಉಳಿದ ಹಣ ಬರುವುದು ಮನೆತನದ ಪ್ರತಿಷ್ಠೆಯ ಖಾತೆಯಿಂದ. ವ್ಯಾಪಾರಕ್ಕೆ ಅಂಥ ಖಾತೆಯಿಲ್ಲ.

ಒಂದು ದಿನದ ದುಡಿಮೆ, ಐದೂವರೆ ದಿನದ ಊಟ

ನಾಯಿಬಂಡಿಯ ಲೆಕ್ಕವನ್ನು ಒಂದು ಕಾಲ್ಪನಿಕ ಉದಾಹರಣೆಯಿಂದ ನೋಡಬಹುದು. ಒಬ್ಬ ಉದ್ಯಮಿಯ ಬಳಿ 60 ನಾಯಿಗಳಿವೆ. ಹಂಗಾಮು 120 ದಿನ. 60 ನಾಯಿಗಳಿಗೆ 365 ದಿನ ಊಟವೆಂದರೆ ವರ್ಷಕ್ಕೆ 21,900 ಊಟದ ದಿನಗಳು. 60ರಲ್ಲಿ 10 ಮರಿಗಳು ಅಥವಾ ಮುದಿ ನಾಯಿಗಳೆಂದು ಬಿಟ್ಟರೆ ದುಡಿಯುವವು 50. ಮೂರು ದಿನಕ್ಕೊಂದು ದಿನ ವಿಶ್ರಾಂತಿ ಕೊಟ್ಟರೆ ಪ್ರತಿ ನಾಯಿಗೆ 80 ದಿನ ಕೆಲಸ; ಒಟ್ಟು 4,000 ದುಡಿಮೆಯ ದಿನಗಳು. ಅಂದರೆ ಒಂದು ನಾಯಿ ಒಂದು ದಿನ ದುಡಿದು ಸುಮಾರು ಐದೂವರೆ ದಿನಗಳ ಊಟವನ್ನು ಗಳಿಸಬೇಕು. ಪಶುವೈದ್ಯರ ಶುಲ್ಕ, ನೌಕರರ ಸಂಬಳ, ವಿಮೆ, ಗ್ರಾಹಕರಿಗೆ ಒದಗಿಸುವ ದಪ್ಪ ಉಡುಪು ಹಾಗೂ ಬೂಟುಗಳ ವೆಚ್ಚ ಇದರ ಮೇಲೆ. ಚಳಿಯಲ್ಲಿ ದುಡಿಯುವ ನಾಯಿಯ ಹಸಿವೂ ಸಣ್ಣದಲ್ಲ. ದೀರ್ಘ ಓಟದ ನಾಯಿಗೆ ದಿನಕ್ಕೆ ಸುಮಾರು 10,000 ಕ್ಯಾಲೊರಿಯಷ್ಟು ಆಹಾರ ಬೇಕಾಗುತ್ತದೆ.

ಕೂತು ತಿಂದರೆ ಕುಡಿಕೆ ಹೊನ್ನು ಸಾಲದು ಎಂಬ ಗಾದೆಯನ್ನು ಈ ಉದ್ಯಮಿಗಳು ಪ್ರತಿ ಬೇಸಿಗೆಯಲ್ಲಿ ಅನುಭವಿಸುತ್ತಾರೆ. ಅದಕ್ಕೆಂದೇ ಹಲವರು ಬೇಸಿಗೆಯಲ್ಲಿ ಪ್ರವಾಸಿಗರಿಗೆ ನಾಯಿಮನೆ ತೋರಿಸಿ ಶುಲ್ಕ ಪಡೆಯುತ್ತಾರೆ. ಹಿಮ ಬೀಳುವ ಮುನ್ನವೇ ಚಕ್ರದ ಗಾಡಿ ಕಟ್ಟಿ ನಾಯಿಗಳ ತಾಲೀಮು ಆರಂಭಿಸುತ್ತಾರೆ. ಆದರೂ ಮುಖ್ಯ ಆದಾಯ ಚಳಿಗಾಲದ ಬೆಲೆಯಲ್ಲೇ ಅಡಗಿರಬೇಕು. ಪಕ್ಕದವನ ದರಕ್ಕಿಂತ ಕಡಿಮೆ ಮಾಡಿ ಗಿರಾಕಿ ಹಿಡಿಯುವವನು ಕಡಿತಗೊಳಿಸುವುದು ತನ್ನ ಲಾಭವನ್ನಲ್ಲ, ಜುಲೈ ತಿಂಗಳ ನಾಯಿಯ ಊಟವನ್ನು.

ಲೆಕ್ಕ ತಪ್ಪಿದಾಗ

ಲೆಕ್ಕ ತಪ್ಪಿದಾಗ ಏನಾಗುತ್ತದೆ ಎಂಬುದಕ್ಕೆ ಕೆನಡಾದ ವಿಸ್ಲರ್ ಕಠೋರ ಸಾಕ್ಷಿ. 2010ರ ಫೆಬ್ರವರಿಯ ಚಳಿಗಾಲದ ಒಲಿಂಪಿಕ್ಸ್ ಮುಗಿದು ಪ್ರವಾಸಿಗರು ಕಡಿಮೆಯಾದ ನಂತರ, ಅಲ್ಲಿಯ ಒಂದು ನಾಯಿಬಂಡಿ ಉದ್ಯಮದಲ್ಲಿ ಹೆಚ್ಚಾದ ನಾಯಿಗಳನ್ನು ಕೊಲ್ಲಲಾಯಿತು. 2011ರಲ್ಲಿ ವಿಷಯ ಬಯಲಾಗಿ ನೆಲ ಅಗೆದಾಗ ಐವತ್ತಕ್ಕೂ ಹೆಚ್ಚು ನಾಯಿಗಳ ಅವಶೇಷಗಳು ದೊರೆತವು. 2012ರಲ್ಲಿ ಬ್ರಿಟಿಷ್ ಕೊಲಂಬಿಯ ಪ್ರಾಂತ್ಯವು ಇಂಥ ನಾಯಿಗಳ ಪಾಲನೆಗೆ ಪ್ರತ್ಯೇಕ ನಿಯಮಗಳನ್ನು ಜಾರಿಗೆ ತಂದಿತು. ಖಾಲಿ ತಿಂಗಳುಗಳ ವೆಚ್ಚಕ್ಕೆ ಬೆಲೆಯಲ್ಲಿ ಜಾಗ ಕೊಡದಿದ್ದರೆ, ಆ ವೆಚ್ಚ ಮಾಯವಾಗುವುದಿಲ್ಲ; ಪ್ರತಿಭಟಿಸಲಾರದ ಯಾರದೋ ತಲೆಯ ಮೇಲೆ ಬೀಳುತ್ತದೆ. ಅಲ್ಲಿ ನಾಯಿ, ಬೇರೆಡೆ ಕೂಲಿಯಾಳು.

2020ರ ಕೋವಿಡ್ ಇನ್ನೊಂದು ಪಾಠ ಕಲಿಸಿತು. ವಿಮಾನಗಳು ನಿಂತು ಲ್ಯಾಪ್‌ಲ್ಯಾಂಡಿಗೆ ವಿದೇಶಿ ಪ್ರವಾಸಿಗರು ಬರದೇ ಹೋದಾಗಲೂ ನಾಯಿಗಳಿಗೆ ಊಟ ಹಾಕಲೇಬೇಕಿತ್ತು. ಇದರ ಮೇಲೆ ಹವಾಮಾನದ ಅಪಾಯ. 1979ರಿಂದ ಈಚೆಗೆ ಆರ್ಕ್ಟಿಕ್ ಪ್ರದೇಶವು ಜಗತ್ತಿನ ಸರಾಸರಿಯ ಸುಮಾರು ನಾಲ್ಕು ಪಟ್ಟು ವೇಗದಲ್ಲಿ ಬಿಸಿಯಾಗಿದೆಯೆಂದು 2022ರ ಅಧ್ಯಯನವೊಂದು ತೋರಿಸಿತು. ದಾರಿಯಲ್ಲಿ ಸಾಕಷ್ಟು ಹಿಮವಿಲ್ಲದೆ ಇಡಿಟರಾಡ್ ಓಟದ ಆರಂಭವನ್ನು 2003, 2015, 2017 ಮತ್ತು 2025ರಲ್ಲಿ ಉತ್ತರದ ಫೇರ್‌ಬ್ಯಾಂಕ್ಸ್‌ಗೆ ಸ್ಥಳಾಂತರಿಸಬೇಕಾಯಿತು.

ಕಾನೂನಿನ ಅಪಾಯವನ್ನು ಕರಾವಳಿಯ ಜನ ಸ್ವತಃ ಕಂಡಿದ್ದಾರೆ. 2014ರ ಮೇ 7ರಂದು ಜಲ್ಲಿಕಟ್ಟು ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ ನೀಡಿದ ತೀರ್ಪಿನ ಬಳಿಕ ಕಂಬಳಕ್ಕೂ ಅಡ್ಡಿ ಬಂತು. ರಾಜ್ಯದ 2017ರ ತಿದ್ದುಪಡಿ ಕಾಯ್ದೆಯನ್ನು ಸಂವಿಧಾನ ಪೀಠವು 2023ರ ಮೇ 18ರಂದು ಎತ್ತಿಹಿಡಿಯಿತು. ಅದೇ ವರ್ಷ ನವೆಂಬರ್‌ನಲ್ಲಿ ಬೆಂಗಳೂರಿನ ಅರಮನೆ ಮೈದಾನದಲ್ಲಿ ಕಂಬಳ ನಡೆಯಿತು. ನಡುವಿನ ಅನಿಶ್ಚಿತ ವರ್ಷಗಳಲ್ಲಿ ಕೋಣಗಳ ಹುರುಳಿ ಮಾತ್ರ ನಿಲ್ಲಲಿಲ್ಲ.

ಶಿರೂರಿನ ಲೆಕ್ಕಪುಸ್ತಕಕ್ಕೆ

ಗ್ರಾಹಕನೇ ಕೈಹಚ್ಚಿ ಮಾಡುವ ಪ್ರವಾಸ ಕರಾವಳಿಗೂ ಬಂದಿದೆ. ಸಾಲಿಗ್ರಾಮದ ಪಾರಂಪಳ್ಳಿ ಹಿನ್ನೀರಿನಲ್ಲಿ ಪ್ರವಾಸಿಗನು ತಾನೇ ಹುಟ್ಟು ಹಾಕುತ್ತಾನೆ. ಮುರುಡೇಶ್ವರದಿಂದ ದೋಣಿಯಲ್ಲಿ ನೇತ್ರಾಣಿಗೆ ಹೋದವನು ತಾನೇ ನೀರಿಗೆ ಧುಮುಕುತ್ತಾನೆ. ಕೊಲ್ಲೂರು, ಮರವಂತೆ, ಮುರುಡೇಶ್ವರಗಳ ನಡುವೆ, ರಾಷ್ಟ್ರೀಯ ಹೆದ್ದಾರಿ 66 ಹಾಗೂ ಕೊಂಕಣ ರೈಲುಮಾರ್ಗದ ಮೇಲಿರುವ ಶಿರೂರಿನಲ್ಲಿ ಇಂಥ ಉದ್ಯಮಕ್ಕೆ ಹಣ ಹೂಡುವ ಯೋಚನೆ ಬರುವುದು ಸ್ವಾಭಾವಿಕ. ಹೂಡುವ ಮುನ್ನ, ಮೀನುಗಾರಿಕೆಯ ಸುತ್ತಲಿನ ಎಲ್ಲ ಉದ್ಯಮಗಳಿಗೂ ಅನ್ವಯಿಸುವ ಕೆಲವು ಅಂಶಗಳನ್ನು ಗಮನಿಸುವುದು ಒಳಿತು.

ಮೊದಲನೆಯದಾಗಿ, ಆರ್ಥಿಕ ವರ್ಷ ಏಪ್ರಿಲ್‌ನಲ್ಲಿ ಆರಂಭವಾಗುತ್ತದೆ. ಮಳೆಗಾಲ ಅದರ ಮೊದಲರ್ಧದಲ್ಲೇ ಬರುತ್ತದೆ. ಮಾರ್ಚ್ 31ರ ಅಢಾವೆ ಪತ್ರಿಕೆಯಲ್ಲಿ ನಗದು ಶಿಲ್ಕು ತುಂಬಿದಂತೆ ಕಾಣುವುದು ಹಂಗಾಮಿನ ಫಲ. ಅದರ ಒಂದು ಪಾಲು ಮುಂದಿನ ಜೂನ್, ಜುಲೈ ತಿಂಗಳುಗಳ ಸಂಬಳ ಹಾಗೂ ಬ್ಯಾಂಕ್ ಕಂತಿಗೆ ಈಗಾಗಲೇ ಮುಡಿಪು. ಹಾಗೆ ಎತ್ತಿಟ್ಟ ಮೀಸಲನ್ನು ತೆರಿಗೆಯ ಲೆಕ್ಕದಲ್ಲಿ ವೆಚ್ಚವೆಂದು ಕಳೆಯಲು ಬರುವುದಿಲ್ಲ. ತೆರಿಗೆ ತೆತ್ತ ಲಾಭದಿಂದಲೇ ಅದನ್ನು ಕಟ್ಟಬೇಕು. ದರ ನಿಗದಿ ಮಾಡುವಾಗಲೇ ಇದು ನೆನಪಿನಲ್ಲಿರಬೇಕು.

ಎರಡನೆಯದಾಗಿ, ಮುಂಗಡವಾಗಿ ಬಂದ ಹಣ ಆದಾಯವಲ್ಲ, ಸೇವೆ ಸಲ್ಲುವವರೆಗೆ ಅದೊಂದು ಹೊಣೆ. ಚಂಡಮಾರುತವೋ ನಿಷೇಧವೋ ಬಂದರೆ ಮರಳಿಸಬೇಕಾದ ಹಣವನ್ನು ದೋಣಿ ರಿಪೇರಿಗೆ ಹಾಕಿದರೆ ಎರಡು ಕಡೆಯೂ ನಷ್ಟ.

ಮೂರನೆಯದಾಗಿ, ಪ್ರಾಣಿಯನ್ನು ಬಳಸುವ ಉದ್ಯಮದ ಲೆಕ್ಕವೇ ಬೇರೆ. 1961ರ ಆದಾಯ ತೆರಿಗೆ ಕಾಯ್ದೆಯಲ್ಲಿ ಜಾನುವಾರಿಗೆ ಯಂತ್ರದಂತೆ ವರ್ಷವರ್ಷ ಸವಕಳಿ ಇರಲಿಲ್ಲ. ಪ್ರಾಣಿ ಸತ್ತಾಗ ಅಥವಾ ಕೆಲಸಕ್ಕೆ ಶಾಶ್ವತವಾಗಿ ಬಾರದಾದಾಗ, ಕೊಂಡ ಬೆಲೆಗೂ ಅದರಿಂದ ಬಂದ ಹಣಕ್ಕೂ ಇರುವ ವ್ಯತ್ಯಾಸವನ್ನು ಮಾತ್ರ ಕಲಂ 36ರಡಿ ಕಳೆಯಲು ಅವಕಾಶವಿತ್ತು. ಹೊಸ ಪ್ರಾಣಿಗೆ ಬೇಕಾಗುವ ಹಣವನ್ನು ಮಾಲೀಕನೇ ವರ್ಷವರ್ಷವೂ ಕೂಡಿಡಬೇಕು. ಮುದಿಯಾದ ಪ್ರಾಣಿಯ ಕೊನೆಗಾಲದ ಮೇವನ್ನೂ ಅದು ದುಡಿಯುವ ವರ್ಷಗಳಲ್ಲೇ ತೆಗೆದಿಡಬೇಕು.

ನಾಲ್ಕನೆಯದು ಆಳುಗಳ ವಿಷಯ. ನಾಯಿಬಂಡಿಯಲ್ಲಿ ತರಬೇತಾದ ನಾಯಿ ಹೇಗೋ, ಕಡಲ ಪ್ರವಾಸದಲ್ಲಿ ನೀರನ್ನು ಬಲ್ಲ ಮಾರ್ಗದರ್ಶಕ, ಐಸ್ ಪ್ಲಾಂಟಿನಲ್ಲಿ ಯಂತ್ರ ಬಲ್ಲ ಕೆಲಸಗಾರ ಹಾಗೆ. ಮಳೆಗಾಲದಲ್ಲಿ ಸಂಬಳವಿಲ್ಲದೆ ಬಿಟ್ಟರೆ ಆತ ಮಂಗಳೂರಿಗೋ ಗೋವಾಕ್ಕೋ ಹೋಗುತ್ತಾನೆ. ಅವನೊಡನೆ ಗ್ರಾಹಕನ ಸುರಕ್ಷತೆಯೂ ಹೋಗುತ್ತದೆ. ಖಾಲಿ ತಿಂಗಳಲ್ಲಿ ಅರ್ಧ ಸಂಬಳ ಕೊಟ್ಟು, ಬಲೆ ಹಾಗೂ ಯಂತ್ರಗಳ ದುರಸ್ತಿ, ಜೀವರಕ್ಷಕ ಜಾಕೆಟ್‌ಗಳ ತಪಾಸಣೆಗೆ ಹಚ್ಚುವುದು ದಾನವಲ್ಲ, ಮುಂದಿನ ಹಂಗಾಮಿನ ಬಂಡವಾಳ.

ಗಾಳಿ ಬಂದಾಗ ತೂರಿಕೊಳ್ಳುವುದು ಎಲ್ಲರಿಗೂ ಗೊತ್ತು. ತೂರಿದ ಕಾಳಿನಲ್ಲಿ ಗಾಳಿಯಿಲ್ಲದ ದಿನಗಳ ಪಾಲನ್ನು ಅಳೆದಿಡುವುದು ವ್ಯಾಪಾರ. ಮಾರ್ಚ್ 31ರಂದು ಕೈಯಲ್ಲಿರುವ ಹಣದಲ್ಲಿ ಮಳೆಗಾಲದ ಪಾಲೆಷ್ಟು ಎಂಬುದನ್ನು ಮೊದಲು ಬರೆದಿಟ್ಟು, ಉಳಿದುದನ್ನು ಮಾತ್ರ ಲಾಭವೆಂದು ಕರೆಯುವ ವ್ಯಾಪಾರಸ್ಥನಿಗೆ ಆಗಸ್ಟ್‌ನಲ್ಲಿ ದೋಣಿಗಳು ನೀರಿಗಿಳಿಯುವಾಗ ಹೊಸ ಆಳು, ಹೊಸ ಸಾಲ ಎರಡನ್ನೂ ಹುಡುಕುತ್ತ ಅಲೆಯುವ ಕಷ್ಟ ಬಾರದು.