ಬಾಡಿಗೆಕೋಣೆಯ ಸಾರ್ವಭೌಮ

ಅರಸನೇ ಬೇಡವೆಂದು ಯುದ್ಧ ಹೂಡಿ ಸ್ವತಂತ್ರವಾದ ಅಮೆರಿಕದಲ್ಲಿಯೂ ಒಬ್ಬ ಚಕ್ರವರ್ತಿಯಿದ್ದನು. ಸ್ಯಾನ್‌ಫ್ರಾನ್ಸಿಸ್ಕೊ ನಗರದ ಕಮರ್ಷಿಯಲ್ ಸ್ಟ್ರೀಟಿನಲ್ಲಿ ರಾತ್ರಿಗೆ 50 ಸೆಂಟಿನ ಬಾಡಿಗೆಯ ಕಿರುಕೋಣೆಯೇ ಆತನ ಅರಮನೆ.

ಇಂಗ್ಲೆಂಡಿನಲ್ಲಿ ಜನಿಸಿ, ದಕ್ಷಿಣ ಆಫ್ರಿಕದಲ್ಲಿ ಬೆಳೆದು, ಚಿನ್ನದ ಹಂಬಲವು ಲೋಕದ ಸಾಹಸಿಗಳನ್ನೆಲ್ಲ ಕ್ಯಾಲಿಫೋರ್ನಿಯಕ್ಕೆ ಸೆಳೆಯುತ್ತಿದ್ದ 1849ರಲ್ಲಿ ಈ ಬಂದರಿಗೆ ಬಂದಿಳಿದ ಜೋಶುವಾ ಏಬ್ರಹಾಂ ನಾರ್ಟನ್, ವ್ಯಾಪಾರದಲ್ಲಿ ಬಹುಬೇಗನೆ ಐಶ್ವರ್ಯವಂತನಾದನು. ಆತನನ್ನು ಕೆಡಿಸಿದ್ದು ಅಕ್ಕಿ. ಚೀನದ ಅಕ್ಕಿ ಬರುವುದು ನಿಂತು ಧಾರಣೆ ಗಗನಕ್ಕೇರಿದ್ದ 1852ರ ಕೊನೆಯಲ್ಲಿ, ಪೆರು ದೇಶದ ಹಡಗೊಂದರ ಅಕ್ಕಿಯನ್ನೆಲ್ಲ ತಾನೊಬ್ಬನೇ ಕೊಂಡು ಪೇಟೆಯನ್ನು ಕೈವಶ ಮಾಡಿಕೊಳ್ಳಲೆಳಸಿ 25,000 ಡಾಲರಿಗೆ ಕರಾರು ಮಾಡಿಕೊಂಡನಷ್ಟೆ. ಬೆನ್ನಿಗೇ ಪೆರುವಿನಿಂದ ಹಡಗಿನ ಮೇಲೆ ಹಡಗು ಬಂದು ಬೆಲೆ ಕುಸಿಯಿತು. ವರ್ಷಗಟ್ಟಲೆ ವ್ಯಾಜ್ಯವಾಡಿ, ಸೋತು, ದಿವಾಳಿಯೆದ್ದನು.

1859ರ ಸೆಪ್ಟೆಂಬರ್ 17ರಂದು, ತಾನು ಸಂಯುಕ್ತ ಸಂಸ್ಥಾನಗಳ ಚಕ್ರವರ್ತಿಯೆಂದು ಸಾರುವ ಆತನ ಘೋಷಣೆಯನ್ನು ಪತ್ರಿಕೆಯೊಂದು ವಿನೋದಕ್ಕೆಂದು ಅಚ್ಚುಹಾಕಿತು. ಕೆಲವೇ ವಾರಗಳಲ್ಲಿ ಕಾಂಗ್ರೆಸ್ಸನ್ನು ವಿಸರ್ಜಿಸುವ ಆಜ್ಞೆಯೂ ಹೊರಟಿತು. ವಾಷಿಂಗ್ಟನ್ನಿನವರು ಅದನ್ನು ಲಕ್ಷಿಸಲಿಲ್ಲ, ಸ್ಯಾನ್‌ಫ್ರಾನ್ಸಿಸ್ಕೊ ಲಕ್ಷಿಸಿತು. ಹೊಂಬಣ್ಣದ ಭುಜಕೀರ್ತಿಗಳುಳ್ಳ ನೀಲಿ ಸಮವಸ್ತ್ರವನ್ನು ತೊಟ್ಟು, ಟೋಪಿಗೆ ಗರಿ ಸಿಕ್ಕಿಸಿ, ಕೈಕೋಲನ್ನೂರುತ್ತ ಬೀದಿಬೀದಿಯ ಕ್ಷೇಮಸಮಾಚಾರವನ್ನು ವಿಚಾರಿಸುತ್ತಿದ್ದ ಈ ಪ್ರಭುವಿನ ಹೆಸರಿನಲ್ಲಿ ಮುದ್ರಿತವಾದ ಚಿಲ್ಲರೆ ಮೊತ್ತದ ಸಾಲಪತ್ರಗಳನ್ನು ಪೌರರು ದುಡ್ಡು ಕೊಟ್ಟು ಕೊಂಡರು. 1870ರ ಜನಗಣತಿಯ ದಫ್ತರದಲ್ಲಿಯೂ ಆತನ ವೃತ್ತಿ ಚಕ್ರವರ್ತಿಯೆಂದೇ ದಾಖಲಾಗಿದೆ.

1867ರಲ್ಲಿ ಪೊಲೀಸಿನವನೊಬ್ಬ ಬುದ್ಧಿಭ್ರಮಣೆಯ ಆರೋಪದ ಮೇಲೆ ಆತನನ್ನು ಹಿಡಿದೊಯ್ದಾಗ ಪತ್ರಿಕೆಗಳು ಕೆರಳಿದವು: ಯಾರ ನೆತ್ತರನ್ನೂ ಚೆಲ್ಲದ, ಯಾರನ್ನೂ ಸುಲಿಯದ, ಯಾವ ದೇಶವನ್ನೂ ಸೂರೆಮಾಡದ ಚಕ್ರವರ್ತಿ ಮತ್ತೊಬ್ಬನುಂಟೆ ಎಂಬುದು ಅವುಗಳ ವಾದ. ಪೊಲೀಸ್ ಮುಖ್ಯಾಧಿಕಾರಿ ಕ್ಷಮೆ ಬೇಡಿ ಬಿಡುಗಡೆ ಮಾಡಿದನು. ಅಂದಿನಿಂದ ಪೊಲೀಸರು ಎದುರಾದಲ್ಲಿ ಸಲಾಮು ಹೊಡೆಯತೊಡಗಿದರು. ಭ್ರಮೆ ಒಬ್ಬನದು, ದಿಟ. ಆದರೆ ಇಪ್ಪತ್ತು ವರ್ಷಕಾಲ ಅದರೆದುರು ಗಾಂಭೀರ್ಯಗೆಡದೆ ನಡೆದುಕೊಂಡ ಜಾಣ್ಮೆ ನಗರದ್ದು, ಮತ್ತು ನನಗೆ ಹೆಚ್ಚು ಮೆಚ್ಚಾಗುವುದು ಅದೇ. ಆತನ ಬೊಂಬೆಗಳನ್ನು ಮಾರಿ ಕಾಸು ಮಾಡಿಕೊಂಡ ಅಂಗಡಿಯವರೂ ಇದ್ದರೆನ್ನಿ.

1880ರ ಜನವರಿ 8ರ ಸಂಜೆ, ಉಪನ್ಯಾಸವೊಂದನ್ನು ಕೇಳಲು ಹೋಗುತ್ತಿದ್ದಾಗ ನಾರ್ಟನ್ ಬೀದಿಯಲ್ಲಿ ಕುಸಿದು ಅಸುನೀಗಿದನು. ಕೋಣೆಯಲ್ಲಿ ಧನವೆಂಬುದಿರಲಿಲ್ಲ, ವರ್ತಕರು ಬೀಟೆಮರದ ಶವಪೆಟ್ಟಿಗೆಯನ್ನೊದಗಿಸಿದರು. ಅಂತಿಮದರ್ಶನಕ್ಕೆ 10,000 ಜನ ನೆರೆದರೆಂದು ಆಗಿನ ವರದಿ.

ಓಕ್ಲೆಂಡಿನಿಂದ ಗೋಟ್ ದ್ವೀಪದ ಮೇಲೆ ಹಾದು ನಗರವನ್ನು ಸೇರುವಂತೆ ಕೊಲ್ಲಿಗೆ ಸೇತುವೆ ಕಟ್ಟಬೇಕೆಂದು 1872ರಲ್ಲಿ ಆತ ಅಪ್ಪಣೆ ಕೊಡಿಸಿದ್ದನು. ಅದೇ ದ್ವೀಪದ ಮೂಲಕ ಹಾಯುವ ಸೇತುವೆ 1936ರಲ್ಲಿ ಸಂಚಾರಕ್ಕೆ ತೆರೆಯಿತು. ಅದಕ್ಕೆ ನಾರ್ಟನ್ನನ ಹೆಸರಿಡಬೇಕೆಂದು ಅಭಿಮಾನಿಗಳು ಕೇಳುತ್ತಲೇ ಇದ್ದಾರೆ. ಸರ್ಕಾರ ಇನ್ನೂ ಇಟ್ಟಿಲ್ಲ.