ಚಳಿಯನ್ನು ಗೆದ್ದ ಸಿನಿಮಾ ರೀಲು

ವಿದ್ಯಾರ್ಥಿಗಳೇ, ಇವತ್ತು ಮೊಬೈಲ್ ಇದ್ದರೆ ಯಾರು ಬೇಕಾದರೂ ವಿಡಿಯೋ ತೆಗೀಬಹುದು. ಆದರೆ ನೂರು ವರ್ಷಗಳ ಹಿಂದೆ ಅಂಟಾರ್ಕ್ಟಿಕಾದಲ್ಲಿ ಸಿನಿಮಾ ತೆಗೆಯುವುದೆಂದರೆ ಚಳಿಯ ಜೊತೆ ಕುಸ್ತಿಗೆ ಇಳಿದಂತೆಯೇ.

1910ರಲ್ಲಿ ಕ್ಯಾಪ್ಟನ್ ಸ್ಕಾಟ್ ಅವರ ತಂಡದ ಜೊತೆ ಹರ್ಬರ್ಟ್ ಪಾಂಟಿಂಗ್ ಎಂಬ ಛಾಯಾಗ್ರಾಹಕರು ಹೊರಟರು. ಆಗಿನ ಸಿನಿಮಾ ಕ್ಯಾಮೆರಾದ ಹಿಡಿಕೆಯನ್ನು ಕೈಯಿಂದಲೇ ಒಂದೇ ವೇಗದಲ್ಲಿ ತಿರುಗಿಸಬೇಕಿತ್ತು. ಅಲ್ಲಿ ಎದುರಾಗುತ್ತಿದ್ದ ತೊಂದರೆಗಳನ್ನು ನೋಡಿ.

ಮೊದಲನೆಯದು ಎಣ್ಣೆ. ಚಳಿಗಾಲದ ಬೆಳಿಗ್ಗೆ ಕೊಬ್ಬರಿ ಎಣ್ಣೆ ಗಟ್ಟಿಯಾಗುತ್ತದಲ್ಲವೇ? ಹಾಗೆಯೇ ಕ್ಯಾಮೆರಾದ ಚಕ್ರಗಳಿಗೆ ಹಾಕಿದ ಎಣ್ಣೆಯೂ ಮಂದವಾಗಿ, ಹಿಡಿಕೆ ತಿರುಗದೆ ನಿಲ್ಲುತ್ತದೆ. ಎರಡನೆಯದು ರೀಲು. ಕಡುಚಳಿಯಲ್ಲಿ ಸೆಲ್ಯುಲಾಯ್ಡ್ ಬಾಗುವ ಗುಣ ಕಳೆದುಕೊಂಡು ಪಟ್ಟನೆ ಮುರಿಯುತ್ತದೆ. ಮೂರನೆಯದು ತೇವ. ಫ್ರಿಜ್‌ನಿಂದ ತೆಗೆದ ಬಾಟಲಿಯ ಮೇಲೆ ನೀರಹನಿ ಕೂರುವಂತೆ, ಹೊರಗಿನಿಂದ ಬೆಚ್ಚನೆಯ ಗುಡಿಸಲಿಗೆ ತಂದ ಕ್ಯಾಮೆರಾದ ಮೇಲೂ ಹನಿಗಟ್ಟುತ್ತದೆ. ಮತ್ತೆ ಹೊರಗೆ ಒಯ್ದರೆ ಅದೇ ಹನಿ ಮಂಜುಗಡ್ಡೆ!

ಒಮ್ಮೆ ಪಾಂಟಿಂಗ್ ಅವರ ನಾಲಿಗೆ ಕ್ಯಾಮೆರಾದ ಲೋಹಕ್ಕೆ ತಾಗಿ ಅಂಟಿಯೇ ಬಿಟ್ಟಿತು. ಕಿತ್ತುಕೊಂಡಾಗ ಚರ್ಮ ಅಲ್ಲೇ ಉಳಿಯಿತು. ಲೋಹ ಉತ್ತಮ ಉಷ್ಣವಾಹಕ. ನಾಲಿಗೆಯ ಶಾಖವನ್ನು ಅದು ಬೇಗನೆ ಹೀರಿದ್ದರಿಂದ ಮೇಲಿನ ತೇವ ಹೆಪ್ಪುಗಟ್ಟಿತು.

ಇನ್ನೊಬ್ಬರು ಫ್ರಾಂಕ್ ಹರ್ಲಿ. ಶ್ಯಾಕಲ್‌ಟನ್ ಅವರ ‘ಎಂಡ್ಯೂರೆನ್ಸ್’ ಹಡಗು 1915ರಲ್ಲಿ ಮಂಜುಗಡ್ಡೆಗೆ ಸಿಕ್ಕಿ ನಜ್ಜುಗುಜ್ಜಾಯಿತು. ಹರ್ಲಿ ತೆಗೆದ ಚಿತ್ರಗಳೆಲ್ಲ ಅದರೊಳಗೇ ಇದ್ದವು. ಅವರು ಅಂಗಿ ಕಳಚಿ, ಹಡಗಿನೊಳಗೆ ತುಂಬಿದ್ದ ಹಿಮನೀರಿಗೆ ಧುಮುಕಿ ಡಬ್ಬಿಗಳನ್ನು ಹೊರತಂದರು. ಬೆಸುಗೆ ಹಾಕಿ ಮುಚ್ಚಿದ ಲೋಹದ ಡಬ್ಬಿಗಳಾದ್ದರಿಂದ ಒಳಗೆ ನೀರು ಹೋಗಿರಲಿಲ್ಲ.

ಆದರೆ ಮುಂದೆ ದೋಣಿಗಳಲ್ಲಿ ಹೋಗಬೇಕು, ಭಾರ ಹೊರುವಂತಿಲ್ಲ. ಶ್ಯಾಕಲ್‌ಟನ್ ಮತ್ತು ಹರ್ಲಿ ಕೂತು ಸುಮಾರು 120 ಗಾಜಿನ ನೆಗೆಟಿವ್‌ಗಳನ್ನು ಆರಿಸಿದರು. ಉಳಿದ ಸುಮಾರು 400ನ್ನು ಅಲ್ಲೇ ಒಡೆದು ಹಾಕಿದರು, ಮತ್ತೆ ಮನಸ್ಸು ಬದಲಾಗಬಾರದು ಅಂತ! ಸಿನಿಮಾ ರೀಲನ್ನು ಇಟ್ಟುಕೊಂಡರು, ದೊಡ್ಡ ಕ್ಯಾಮೆರಾಗಳನ್ನು ಬಿಟ್ಟರು. ಹರ್ಲಿ ಬಳಿ ಉಳಿದದ್ದು ಒಂದು ಪುಟ್ಟ ಕ್ಯಾಮೆರಾ, ಮೂರು ಸುರುಳಿ ಫಿಲ್ಮ್ ಮಾತ್ರ.

ಹಡಗಿನ 28 ಜನರೂ ಬದುಕಿ ಬಂದರು. ಆ ರೀಲು 1919ರಲ್ಲಿ ‘ಸೌತ್’ ಎಂಬ ಚಿತ್ರವಾಯಿತು. ಹಡಗಿನ ಕೂವೆಮರಗಳು ಮುರಿದು ಬೀಳುವುದನ್ನು ಇಂದಿಗೂ ಅದರಲ್ಲಿ ಕಣ್ಣಾರೆ ನೋಡಬಹುದು. ಹರ್ಲಿ ನೀರಿಗಿಳಿಯದೆ ಇದ್ದಿದ್ದರೆ ಅದು ಕೇಳಿದ ಕಥೆಯಾಗಿ ಉಳಿಯುತ್ತಿತ್ತು, ಅಷ್ಟೇ.

ಮಾಡಿ ನೋಡಿ: ಬೆಳಿಗ್ಗೆ ಎದ್ದೊಡನೆ ಸ್ಟೀಲ್ ಲೋಟವನ್ನೂ ಮರದ ಮಣೆಯನ್ನೂ ಮುಟ್ಟಿ. ಒಂದೇ ಕೋಣೆಯಲ್ಲಿದ್ದ ಎರಡರ ತಾಪವೂ ಒಂದೇ. ಆದರೂ ಯಾವುದು ಹೆಚ್ಚು ತಣ್ಣಗೆ ಅನಿಸಿತು? ಏಕೆ?